ಫ್ರೀಡಂ ಪಾರ್ಕ್ ಆಗೋಕೆ ಮುಂಚೆ ಆ ಜೈಲಿನಲ್ಲಿ ಯಾರ್ಯಾರಿದ್ದರು?

ಮಲ್ಲೇಶ್ವರದವ:

ಹೋದ ಭಾನುವಾರ ಮಗಳನ್ನು ಕರ್ಕೊಂಡು ಫ್ರೀಡಂ ಪಾರ್ಕಿಗೆ ಹೋಗಿದ್ದೆ. ಅವಳಿಗೆ ಹನ್ನೊಂದು ವರ್ಷ. ಶೇಷಾದ್ರಿ ರಸ್ತೆಯಲ್ಲಿ ಬಸ್ಸಲ್ಲಿ ಹೋಗುವಾಗೆಲ್ಲ ಆ ಗೋಡೆ ನೋಡಿ ಒಳಗೇನಿದೆ ಅಂತ ಒಂದೇ ಸಮ ಕೇಳ್ತಿದ್ಲು. ಮಧ್ಯದಲ್ಲಿ ಕಾವಲು ಗೋಪುರ, ಅದರ ಸುತ್ತ ಗಾಡಿಚಕ್ರದ ಅರಗಳ ಹಾಗೆ ಬ್ಯಾರಕ್‌ಗಳು. ಗೋಪುರದ ಮೇಲೆ ನಿಂತ ಒಬ್ಬನಿಗೇ ಎಲ್ಲಾ ಕಡೆಯೂ ಕಾಣಬೇಕು, ಅವನು ಈಗ ನನ್ನ ಕಡೆ ನೋಡ್ತಿದ್ದಾನಾ ಇಲ್ವಾ ಅನ್ನೋದು ಕೈದಿಗೆ ಗೊತ್ತಾಗಬಾರದು. ಹಾಗೆ ಲೆಕ್ಕ ಹಾಕಿ ಕಟ್ಟಿದ ಜೈಲು ಅದು. ಮೈಸೂರು ಸೀಮೆ ಬ್ರಿಟಿಷ್ ಕಮಿಷನರುಗಳ ಕೈಲಿದ್ದಾಗ, ಬೌರಿಂಗ್ ಸಾಹೇಬರ ಕಾಲದಲ್ಲಿ, 1860ರ ದಶಕದಲ್ಲಿ ಎದ್ದಿದ್ದು. 2000ದ ಸುಮಾರಿಗೆ ಕೈದಿಗಳನ್ನೆಲ್ಲ ಪರಪ್ಪನ ಅಗ್ರಹಾರಕ್ಕೆ ಸಾಗಿಸಿದರು. 2008ರ ನವೆಂಬರಿನಲ್ಲಿ ಪಾರ್ಕ್ ಆಗಿ ತೆರೆಯಿತು.

ಎಲ್ಲರೂ ಹೇಳೋದನ್ನೇ ನಾನೂ ಮಗಳಿಗೆ ಹೇಳಿದೆ. ಎಮರ್ಜೆನ್ಸೀಲಿ ವಾಜಪೇಯಿ, ಅಡ್ವಾಣಿ ಇಲ್ಲಿದ್ರು ಅಂತ. ಎಮರ್ಜೆನ್ಸಿ ಎಷ್ಟು ದಿನ ಇತ್ತು ಅಂತ ಕೇಳಿದ್ಲು. ಇಪ್ಪತ್ತೊಂದು ತಿಂಗಳು ಅಂದೆ. "ಮತ್ತೆ ಮಿಕ್ಕ ನೂರಮೂವತ್ತು ವರ್ಷ ಇಲ್ಲಿ ಯಾರಿದ್ರು ಅಪ್ಪಾ?" ಅಂದ್ಲು.

ನನ್ನ ಹತ್ತಿರ ಉತ್ತರ ಇರಲಿಲ್ಲ. ನಲವತ್ತೈದು ವರ್ಷದಿಂದ ಈ ಊರಲ್ಲಿದ್ದೀನಿ, ಒಬ್ಬ ಸಾಮಾನ್ಯ ಕೈದಿಯ ಹೆಸರೂ ನಂಗೆ ಗೊತ್ತಿಲ್ಲ. ಇಲ್ಲಿ ಗೊತ್ತಿರೋರು ಇದ್ದರೆ ಬರೀರಿ. ಬೆಂಗಳೂರೇ ಆಗಬೇಕು ಅಂತಿಲ್ಲ, ನಿಮ್ಮೂರಿನ ಜೈಲಿನ ಕತೆ ಇದ್ದರೂ ಬರಲಿ. ಅವಳಿಗೆ ಓದಿ ಹೇಳ್ತೀನಿ.

ಹಳೇ ಪೇಪರ್:

ಸರ್, ಎಮರ್ಜೆನ್ಸಿ ವಿಷಯವನ್ನೇ ಮೊದಲು ಸ್ವಲ್ಪ ಪೂರ್ತಿ ಮಾಡ್ತೀನಿ, ಅರ್ಧಂಬರ್ಧ ಉಳಿಯೋದು ಬೇಡ. ವಾಜಪೇಯಿ, ಅಡ್ವಾಣಿ, ಮಧು ದಂಡವತೆ, ಶ್ಯಾಮನಂದನ ಮಿಶ್ರ, ಈ ನಾಲ್ಕೂ ಜನ ಸಂಸತ್ತಿನ ಒಂದು ಸಮಿತಿ ಸಭೆಗೆ ಬೆಂಗಳೂರಿಗೆ ಬಂದು ಶಾಸಕರ ಭವನದಲ್ಲಿ ಇಳಿದುಕೊಂಡಿದ್ದರು. ಪಕ್ಷಾಂತರ ತಡೆಯೋ ಕಾನೂನಿನ ಬಗ್ಗೆ ಸಭೆ. 1975ರ ಜೂನ್ 26ರ ಬೆಳಗ್ಗೆ ಪೊಲೀಸರು ಅಲ್ಲಿಗೇ ಬಂದರು. ಶಾಸಕರ ಭವನದಿಂದ ಆ ಜೈಲಿಗೆ ಎಷ್ಟು ದೂರ ಅಂತ ನಿಮಗೇ ಗೊತ್ತು, ಆಟೋ ಮೀಟರ್ ಮಿನಿಮಮ್ ದಾಟೋದೂ ಕಷ್ಟ.

ಆಮೇಲೆ ನಡೆದದ್ದನ್ನು ಯಾರೂ ಹೇಳಲ್ಲ. ಆ ನಾಲ್ಕು ಜನ ನಮ್ಮ ಹೈಕೋರ್ಟಿಗೆ ಹೇಬಿಯಸ್ ಕಾರ್ಪಸ್ ಅರ್ಜಿ ಹಾಕಿದರು, ಅಂದ್ರೆ ನಮ್ಮನ್ನು ಹಿಡಿದಿಟ್ಟಿದ್ದು ಸರಿಯಾ ಅಂತ ಕೋರ್ಟ್ ನೋಡಲಿ ಅನ್ನೋ ಅರ್ಜಿ. ಮೀಸಾದಲ್ಲಿ, ಅಂದ್ರೆ ವಿಚಾರಣೆ ಇಲ್ಲದೆ ಒಳಗಿಡೋ ಆಗಿನ ಕಾನೂನಿನಲ್ಲಿ, ಹಿಡಿದವರಿಗೂ ಕೋರ್ಟ್ ಬಾಗಿಲು ತಟ್ಟೋ ಹಕ್ಕಿದೆ ಅಂತ ಕರ್ನಾಟಕ ಹೈಕೋರ್ಟ್ ಆ ಕಾಲದಲ್ಲಿ ಎದೆಗಟ್ಟಿ ಮಾಡಿಕೊಂಡು ಹೇಳಿತು. ದೇಶದ ಇನ್ನೂ ಕೆಲವು ಹೈಕೋರ್ಟುಗಳು ಹಾಗೇ ಹೇಳಿದವು. 1976ರ ಏಪ್ರಿಲ್ 28ರಂದು ಸುಪ್ರೀಂ ಕೋರ್ಟ್ ಅದನ್ನೆಲ್ಲ ತಳ್ಳಿಹಾಕಿತು. ಜಬಲ್‌ಪುರ ಕೇಸ್ ಅಂತ ಲಾಯರುಗಳು ಹೇಳೋದು ಅದನ್ನೇ. ಆ ತೀರ್ಪು ತಪ್ಪು ಅಂತ ಸುಪ್ರೀಂ ಕೋರ್ಟೇ ಬಾಯಿಬಿಟ್ಟು ಹೇಳಿದ್ದು 2017ರಲ್ಲಿ, ಖಾಸಗಿತನದ ಹಕ್ಕಿನ ಕೇಸಿನಲ್ಲಿ. ಆ ಕೇಸ್ ಹಾಕಿದವರು ನಮ್ಮ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಪುಟ್ಟಸ್ವಾಮಿಯವರು.

ರಾಮಕೃಷ್ಣ ಹೆಗಡೆ, ದೇವೇಗೌಡರು, ಜೆ.ಎಚ್. ಪಟೇಲರು ಇವರೂ ಆಗ ಒಳಗಿದ್ದರು. ಮುಂದೆ ಮೂವರೂ ಮುಖ್ಯಮಂತ್ರಿಗಳಾದರು.

ರಂಗದ ಹಿಂದೆ:

ಮೇಲಿನವರು ಗಂಡಸರ ಹೆಸರನ್ನೇ ಹೇಳಿ ಮುಗಿಸಿದರು. ಸ್ನೇಹಲತಾ ರೆಡ್ಡಿ ಅವರನ್ನು ಮರೆಯಬೇಡಿ. 'ಸಂಸ್ಕಾರ' ಸಿನಿಮಾದ ಚಂದ್ರಿ. 1976ರ ಮೇ ತಿಂಗಳಲ್ಲಿ ಹಿಡಿದರು. ಎಮರ್ಜೆನ್ಸಿ ವಿರುದ್ಧ ತಲೆಮರೆಸಿಕೊಂಡು ಹೋರಾಡ್ತಿದ್ದ ಸಮಾಜವಾದಿ ನಾಯಕ ಜಾರ್ಜ್ ಫರ್ನಾಂಡಿಸ್ ಪರಿಚಯದವರು ಅನ್ನೋದು ಸಾಕಾಗಿತ್ತು. ಸ್ಫೋಟಕ್ಕೆ ಸಂಚು ಮಾಡಿದರು ಅಂತ ಜಾರ್ಜ್ ಮತ್ತಿತರರ ಮೇಲೆ ಹಾಕಿದ್ದ ಬರೋಡಾ ಡೈನಮೈಟ್ ಕೇಸಿನ ಆರೋಪಪಟ್ಟಿಯಲ್ಲಿ ಕೊನೆಗೆ ಅವರ ಹೆಸರೇ ಇರಲಿಲ್ಲ. ಆದರೂ ಮೀಸಾ ಹಾಕಿ ಎಂಟು ತಿಂಗಳು ಇದೇ ಜೈಲಿನಲ್ಲಿ ಇಟ್ಟರು. ಅವರಿಗೆ ಆಸ್ತಮಾ ಬಹಳ ಇತ್ತು. ರಾತ್ರಿ ಹೊತ್ತು ಅವರ ಕೂಗು ತಮಗೆ ಕೇಳಿಸುತ್ತಿತ್ತು ಅಂತ ಅದೇ ಜೈಲಿನಲ್ಲಿದ್ದ ದಂಡವತೆ ಅವರು ಆಮೇಲೆ ನೆನಪಿಸಿಕೊಂಡಿದ್ದಾರೆ. 1977ರ ಜನವರಿ 15ಕ್ಕೆ ಪೆರೋಲ್ ಮೇಲೆ ಬಿಟ್ಟರು. 20ನೇ ತಾರೀಖು ತೀರಿಹೋದರು. ಐದು ದಿನ.

ಮಲ್ಲೇಶ್ವರದವರು ಕೇಳಿದ ಪ್ರಶ್ನೆಗೂ ಇವರಿಗೂ ಸಂಬಂಧ ಇದೆ, ಅದಕ್ಕೇ ಬರೀತಿದ್ದೀನಿ. ಅವರು ಜೈಲಿನಲ್ಲಿ ಡೈರಿ ಬರೆದರು. ಬರೀ ತಮ್ಮ ಸಂಕಟ ಬರೆದುಕೊಳ್ಳಲಿಲ್ಲ. ಹೆಂಗಸರ ವಾರ್ಡಿನಲ್ಲಿ ಜೊತೆಗಿದ್ದವರಿಗೆ ಬೀಳುತ್ತಿದ್ದ ಹೊಡೆತ, ತಿನ್ನಲಾಗದ ಊಟ, ಹೇಳಿಕೊಳ್ಳೋಕೆ ಯಾರೂ ಇಲ್ಲದ ಸ್ಥಿತಿ, ಎಲ್ಲಾ ಬರೆದರು. ಆ ಹೆಂಗಸರ ಪರವಾಗಿ ಜಗಳ ಆಡಿದರು. ಕಳ್ಳತನಕ್ಕೋ ಕೊಲೆಗೋ ಒಳಗೆ ಬಂದು, ಬೇಲಿಗೆ ಜನ ಇಲ್ಲದೆ ಕೊಳೆಯುತ್ತಿದ್ದ ಹೆಂಗಸರು ನಮ್ಮ ಕಣ್ಣಿಗೆ ಒಂದು ಕ್ಷಣ ಕಾಣೋದು ಅವರ ಬರಹದಿಂದ. ಓದುಬರಹ ಬಲ್ಲ ಒಬ್ಬ ಹೆಣ್ಣುಮಗಳನ್ನು ಸರ್ಕಾರ ತಪ್ಪಾಗಿ ಅಲ್ಲಿ ಕೂಡಿಹಾಕಿತು ಅಂತ ಅವರ ಕತೆ ಉಳೀತು. ಇಲ್ಲದಿದ್ದರೆ ಅದೂ ಇರುತ್ತಿರಲಿಲ್ಲ.

ಕುಮದ್ವತಿ:

ನಾನು ಶಿಕಾರಿಪುರದ ಕಡೆಯವಳು. ನಮ್ಮಜ್ಜಿ ತವರು ಈಸೂರು. ಬೆಂಗಳೂರಿಗೆ ಕೆಲಸಕ್ಕೆ ಬಂದ ಹೊಸತರಲ್ಲಿ ಫ್ರೆಂಡ್ಸ್ ಜೊತೆ ಆ ಪಾರ್ಕಿಗೆ ಹೋದಾಗ ಎಲ್ಲರೂ ಫೋಟೋ ತೆಗೀತಿದ್ರು. ನನಗೆ ಮಾತ್ರ ಕೈಕಾಲು ತಣ್ಣಗಾಗಿತ್ತು. ಯಾಕೆ ಅಂತ ಅವರಿಗೆ ಹೇಳೋಕೆ ಆಗಲಿಲ್ಲ. ಇಲ್ಲಿ ಹೇಳ್ತೀನಿ.

1942ರಲ್ಲಿ ನಮ್ಮ ಹಳ್ಳಿ ಜನ ಊರ ವೀರಭದ್ರ ದೇವಸ್ಥಾನದ ಮೇಲೆ ಬಾವುಟ ಹಾರಿಸಿ, ನಾವು ಸ್ವತಂತ್ರರು, ಕಂದಾಯ ಕೊಡಲ್ಲ ಅಂತ ಸಾರಿದರು. ತಮ್ಮದೇ ಅಮಲ್ದಾರ, ತಮ್ಮದೇ ಸಬ್ ಇನ್‌ಸ್ಪೆಕ್ಟರ್ ಅಂತ ಹುಡುಗರನ್ನು ನೇಮಿಸಿಕೊಂಡರು. "ಏಸೂರು ಕೊಟ್ಟರೂ ಈಸೂರು ಕೊಡೆವು" ಅನ್ನೋ ಮಾತು ಆಗಿನದೇ. ಸೆಪ್ಟೆಂಬರ್ 28ರಂದು ಸರ್ಕಾರದ ಅಮಲ್ದಾರರು, ಸಬ್ ಇನ್‌ಸ್ಪೆಕ್ಟರು ಪೊಲೀಸರ ಜೊತೆ ಊರಿಗೆ ಬಂದಾಗ ಗಲಾಟೆ ಆಗಿ, ಲಾಠಿ, ಗುಂಡು ಎಲ್ಲಾ ಆಗಿ, ಆ ಇಬ್ಬರೂ ಅಧಿಕಾರಿಗಳು ಜನರ ಕೈಲಿ ಸತ್ತರು. ಆಮೇಲೆ ಮಿಲಿಟರಿ ಬಂತು. ಜನ ಕಾಡಿಗೆ ಓಡಿದರು, ಮನೆಗಳು ಲೂಟಿಯಾದವು, ಸುಟ್ಟವು. ವಿಚಾರಣೆ ನಡೆದು ಹಲವರಿಗೆ ಗಲ್ಲು, ಹಲವರಿಗೆ ಜೀವಾವಧಿ ಅಂತ ಆಯ್ತು. ಜೀವಾವಧಿ ಆದವರಲ್ಲಿ ಹೆಂಗಸರೂ ಇದ್ದರು. ಕೊನೆಗೆ ಗಲ್ಲು ಉಳಿದಿದ್ದು ಐದು ಜನಕ್ಕೆ.

ಗುರಪ್ಪ, ಮಲ್ಲಪ್ಪ, ಸೂರ್ಯನಾರಾಯಣಾಚಾರಿ, ಹಾಲಪ್ಪ, ಗೌಡ ಶಂಕರಪ್ಪ. 1943ರ ಮಾರ್ಚ್ 8, 9, 10, ಮೂರು ದಿನದಲ್ಲಿ ಐದೂ ಜನರನ್ನು ಬೆಂಗಳೂರು ಸೆಂಟ್ರಲ್ ಜೈಲಿನಲ್ಲಿ ಗಲ್ಲಿಗೇರಿಸಿದರು. ಇದೇ ಜಾಗ. ಈಗ ಫ್ರೀಡಂ ಪಾರ್ಕ್.

ಮೂರು ದಿನ ಅನ್ನೋದನ್ನ ಸ್ವಲ್ಪ ಯೋಚನೆ ಮಾಡಿ. ಮೂರನೇ ದಿನದವನು ಮೊದಲೆರಡು ಬೆಳಗ್ಗೆ ತನ್ನೂರಿನವರು ಹೋಗಿದ್ದು ತಿಳಿದೇ ಕೂತಿರಬೇಕು. ನಮ್ಮಜ್ಜಿ ಆಗ ಸಣ್ಣ ಹುಡುಗಿ. "ಬೆಂಗಳೂರು" ಅನ್ನೋ ಹೆಸರನ್ನು ಜೀವನದಲ್ಲಿ ಮೊದಲು ಕೇಳಿದ್ದೇ ಆಗ ಅಂತಿದ್ದರು. ನಾನು ಕೆಲಸ ಸಿಕ್ತು ಅಂತ ಹೇಳೋಕೆ ಹೋದಾಗ, ಎಲ್ಲಿ ಅಂದ್ರು. ಬೆಂಗಳೂರು ಅಂದೆ. ಸ್ವಲ್ಪ ಹೊತ್ತು ಮಾತಾಡಲಿಲ್ಲ.

ಮಲ್ಲೇಶ್ವರದವ:

ಅಕ್ಕಾ, ಇದನ್ನು ರಾತ್ರಿ ಮಗಳಿಗೆ ಓದಿದೆ. ಆ ಐದು ಹೆಸರು ನೋಟ್‌ಬುಕ್ಕಿನಲ್ಲಿ ಬರೆದುಕೊಂಡಿದ್ದಾಳೆ. ಈಸೂರಿನ ಬಗ್ಗೆ ಸ್ಕೂಲಲ್ಲಿ ಎರಡು ಸಾಲು ಇತ್ತಂತೆ, ಗಲ್ಲಾಗಿದ್ದು ನಮ್ಮ ಬಸ್ ಸ್ಟಾಪ್ ಪಕ್ಕ ಅಂತ ಯಾರೂ ಹೇಳಿರಲಿಲ್ಲ.

ಗಡಿನಾಡ ಮಂದಿ:

ನೋಡ್ರಿ, ಬೆಂಗಳೂರು ಜೈಲಿನ ಚರಿತ್ರೆನ ಕರ್ನಾಟಕದ ಜೈಲಿನ ಚರಿತ್ರೆ ಅನಬ್ಯಾಡ್ರಿ. 1956ರ ತನಕ ನಾವು ಐದು ಕಡೆ ಹರಿದು ಹಂಚಿ ಹೋಗಿದ್ವಿ. ಜೈಲೂ ಹಂಗ. ನಮ್ಮ ಬೆಳಗಾವಿ, ಧಾರವಾಡ, ಬಿಜಾಪುರ, ಕಾರವಾರ ಕಡೆ ಮುಂಬೈ ಕಾಯ್ದೆ, ಬಳ್ಳಾರಿ, ಮಂಗಳೂರಾಗ ಮದ್ರಾಸ್ ಕಾಯ್ದೆ, ಕಲಬುರ್ಗಿ ಕಡೆ ನಿಜಾಮನ ಕಾಯ್ದೆ, ಮೈಸೂರು ಬ್ಯಾರೆ, ಕೊಡಗು ಬ್ಯಾರೆ. ಎಲ್ಲಾನೂ ಒಂದ ಕಾಯ್ದೆದಾಗ ತಂದಿದ್ದು 1963ರಾಗ.

ನಮ್ಮ ಹಿಂಡಲಗಾ ಜೈಲು 1923ರದ್ದು. ಇವತ್ತಿಗೂ ರಾಜ್ಯದಾಗ ಗಲ್ಲು ಅಂದ್ರ ಹಿಂಡಲಗಾ ಅಂತನ ಮಂದಿ ಹೇಳತಾರ. ಕಡೀ ಗಲ್ಲು 1983ರಾಗ ಆಗಿದ್ದು. ಅದರ ಹಿಂದಿನ ಮಾತು ಹೇಳಬೇಕಂದ್ರ, ಕಾಯಿದೆಭಂಗ ಚಳವಳಿ, ಕರನಿರಾಕರಣೆ ಟೈಮಿನ್ಯಾಗ ನಮ್ಮ ಕಡೆ ಜೈಲಿಗೆ ಹೋಗದ ಮನಿ ಇರಲಿಲ್ಲ ಅಂತ ನಮ್ಮ ಅಜ್ಜ ಅಂತಿದ್ರು. ಅಂಕೋಲಾ, ಸಿದ್ದಾಪುರ ಕಡೆ ರೈತರು ಕಂದಾಯ ಕೊಡಂಗಿಲ್ಲ ಅಂದು ಹೊಲಾ ಕಳಕೊಂಡು ಜೈಲಿಗೆ ಹ್ವಾದ್ರು. ಅವರು ಲೀಡರ್ ಅಲ್ರಿ. ಹೊಲ, ಎತ್ತು, ಅಷ್ಟ ಗೊತ್ತಿದ್ದ ಮಂದಿ.

ಇನ್ನೂ ಹಿಂದಕ್ಕ ಹೋದ್ರ, ಕಿತ್ತೂರು ಚೆನ್ನಮ್ಮನ್ನ ಇಟ್ಟಿದ್ದು ಬೈಲಹೊಂಗಲದ ಕ್ವಾಟಿದಾಗ. 1829ರ ಫೆಬ್ರವರಿಯಾಗ ಆಕಿ ಅಲ್ಲೇ ಸೆರಿಯಾಗ ತೀರಿಕೊಂಡಳು. ಕಿತ್ತೂರಿನ ಯುದ್ಧ ಎಲ್ಲಾರೂ ಹಾಡತಾರ. ಸೆರಿಯೊಳಗ ಆಕಿ ಕಳದ ವರ್ಷ ಯಾರೂ ಹಾಡಂಗಿಲ್ಲ.

ಬಿಜಾಪುರದ ಜೈಲಿಗೆ ದರ್ಗಾ ಜೈಲು ಅಂತಾರ. ಅದು ಆದಿಲ್‌ಶಾಹಿ ಕಾಲದಾಗ ಮುಸ್ತಫಾ ಖಾನ ಕಟ್ಟಿಸಿದ ಸರಾಯಿ. ದಾರೀ ಹಿಡದು ಬಂದ ವ್ಯಾಪಾರಸ್ಥರು, ಯಾತ್ರಿಕರು ರಾತ್ರಿ ತಂಗಿ ಮುಂಜಾನೆದ್ದು ಹೋಗಲಿ ಅಂತ ಕಟ್ಟಿಸಿದ ಜಾಗ. ಬ್ರಿಟಿಷರು ಅದಕ್ಕ ಕೀಲಿ ಹಾಕಿ ಜೈಲು ಮಾಡಿದ್ರು.

ಅಲ್ಲೀಪುರ ಗೇಟು:

ಬಳ್ಳಾರಿಯಿಂದ ಬರೀತಿದ್ದೀನಿ. ಮೇಲಿನ ಅಣ್ಣ ಹೇಳಿದ್ದು ಸರಿ ಐತೆ. ನಮ್ಮೂರು 1953ರವರೆಗೂ ಮದ್ರಾಸಿಗೆ ಸೇರಿತ್ತು. ಅದಕ್ಕೇ ನಮ್ಮ ಜೈಲಿಗೆ ಬಂದ ಜನ ಎಲ್ಲೆಲ್ಲಿಯವರೋ. ಮೊದಲನೇ ಮಹಾಯುದ್ಧದಾಗ ಟರ್ಕಿಯ ಸೈನಿಕರನ್ನ ಯುದ್ಧಕೈದಿಗಳು ಅಂತ ಬಳ್ಳಾರಿಗೆ ತಂದಿಟ್ಟಿದ್ದರು. ನಮ್ಮ ಬಿಸಿಲಿಗೆ ಅವರು ಹೆಂಗೆ ತಡಕೊಂಡ್ರೋ.

ಆಮೇಲೆ 1921ರ ಮಲಬಾರಿನ ದಂಗೆ. ಮಾಪಿಳ್ಳೆ, ಅಂದ್ರೆ ಮಲಬಾರಿನ ಮುಸ್ಲಿಂ ಕೈದಿಗಳನ್ನ ನಮ್ಮೂರಿನ ಅಲ್ಲೀಪುರ ಜೈಲಿಗೆ ಗುಂಪುಗುಂಪಾಗಿ ತಂದರು. ಆ ವರ್ಷ ನವೆಂಬರ್‌ನಾಗ ತಿರೂರಿನಿಂದ ಹೊರಟ ರೈಲಿನ ಒಂದು ಗೂಡ್ಸ್ ಬೋಗಿಗೆ ನೂರು ಜನರನ್ನ ತುಂಬಿ ಬಾಗಿಲು ಹಾಕಿದ್ದರು. ಪೋದನೂರಿನಾಗ ಬಾಗಿಲು ತೆಗೆದರೆ ಉಸಿರು ಕಟ್ಟಿ ಸತ್ತವರ ರಾಶಿ. ಸುಮಾರು 70 ಜನ ಹೋದರು. ಅವರನ್ನ ಕಳಿಸ್ತಿದ್ದುದು ನಮ್ಮೂರಿನ ಜೈಲಿಗೆ ಅಂತ ಹೇಳ್ತಾರೆ. ಕೇರಳದಾಗ ಇದು ಮಕ್ಕಳಿಗೂ ಗೊತ್ತು, ತಿರೂರಿನಾಗ ಸ್ಮಾರಕ ಐತೆ. ಬಳ್ಳಾರಿಯಾಗ ಕೇಳಿ ನೋಡ್ರಿ, ಹತ್ತರಾಗ ಒಬ್ಬರಿಗೂ ಗೊತ್ತಿಲ್ಲ.

ಉಪ್ಪಿನ ಸತ್ಯಾಗ್ರಹದಾಗ ಸಿಕ್ಕಿಬಿದ್ದ, ಮುಂದೆ ಮದ್ರಾಸ್ ಮುಖ್ಯಮಂತ್ರಿಯಾದ ಕಾಮರಾಜರೂ ಅಲ್ಲೀಪುರದಾಗ ಇದ್ದರು. ಹಂಗೇ ಒಂದು ಒಳ್ಳೇ ವಿಷಯಾನೂ ಹೇಳ್ತೀನಿ. ಹುಲುಗಪ್ಪ ಕಟ್ಟೀಮನಿಯವರು ಮೈಸೂರು ರಂಗಾಯಣದವರು. ನಮ್ಮ ಬಳ್ಳಾರಿ ಜೈಲು, ಮೈಸೂರು ಜೈಲು ಅಂತ ಜೀವಾವಧಿ ಕೈದಿಗಳ ಕೈಲಿ ನಾಟಕ ಆಡಿಸಿದರು, ಅವರನ್ನ ಹೊರಗೆ ರಂಗಮಂದಿರಕ್ಕೂ ಕರಕೊಂಡು ಬಂದರು. ನಾನು ಒಂದು ಪ್ರದರ್ಶನ ನೋಡೀನಿ. ನಾಟಕ ಮುಗಿದ ಮೇಲೆ ಬಣ್ಣ ತೊಳಕೊಂಡು ಪೊಲೀಸ್ ವ್ಯಾನ್ ಹತ್ತೋ ಮುಂಚೆ ಒಬ್ಬಾತ ತನ್ನ ಹೆಂಡತಿ, ಮಗನ ಹತ್ತಿರ ಐದು ನಿಮಿಷ ನಿಂತಿದ್ದ. ಮಗ ಅಪ್ಪನ ಕಿವಿ ಹಿಂದೆ ಉಳಿದಿದ್ದ ಬಣ್ಣಾನ ಬೆರಳಿನಾಗ ಒರೆಸ್ತಿದ್ದ.

ಕ್ವಾರ್ಟರ್ಸ್ ಹುಡುಗಿ:

ಇಷ್ಟು ದಿನ ಈ ವೇದಿಕೇಲಿ ಓದ್ತಿದ್ದೆ ಅಷ್ಟೆ, ಬರೆದಿರಲಿಲ್ಲ. ನಮ್ಮ ತಂದೆ ವಾರ್ಡರ್ ಆಗಿದ್ದರು. ಯಾವ ಜೈಲು ಅಂತ ಹೇಳಲ್ಲ, ಒಂದೆರಡು ಕಡೆ ವರ್ಗ ಆಗಿತ್ತು. ನಾನು ಹುಟ್ಟಿ ಬೆಳೆದಿದ್ದು ಜೈಲು ಕ್ವಾರ್ಟರ್ಸಿನಲ್ಲಿ.

ಹೊರಗಿನವರು ಜೈಲು ಅಂದ್ರೆ ಕಂಬಿ ಅಂದ್ಕೋತಾರೆ. ನಮಗೆ ಜೈಲು ಅಂದ್ರೆ ಎಣಿಕೆ. ಬೆಳಗ್ಗೆ ಬ್ಯಾರಕ್ ತೆಗೆಯುವಾಗ ಎಣಿಸಬೇಕು. ಮಧ್ಯಾಹ್ನ ಎಣಿಸಬೇಕು. ಸಂಜೆ ಬೀಗ ಹಾಕುವಾಗ ಎಣಿಸಬೇಕು. ಲೆಕ್ಕ ತಾಳೆ ಆಗದಿದ್ದರೆ ಯಾರೂ ಮನೆಗೆ ಬರೋ ಹಾಗಿಲ್ಲ. ಒಂದು ಸಲ ಅಪ್ಪ ಬರೋದು ರಾತ್ರಿ ಹನ್ನೊಂದಾಯ್ತು. ಒಂದು ತಲೆ ಕಮ್ಮಿ ಬರ್ತಿತ್ತಂತೆ. ಜ್ವರ ಬಂದ ಒಬ್ಬ ಮುದುಕ ಕಂಬಳಿ ರಾಶಿ ಹಿಂದೆ ನಿದ್ದೆ ಹೋಗಿಬಿಟ್ಟಿದ್ದ. ಅಪ್ಪ ಬಂದು ಊಟಕ್ಕೆ ಕೂತವರು, ಮುದ್ದೆ ಮುರಿಯುತ್ತಾ, "ಪಾಪ, ಎಬ್ಬಿಸಿದ ತಕ್ಷಣ ನನ್ನ ಕಾಲು ಹಿಡ್ಕೊಂಡ ಕಣೇ, ತಪ್ಪಾಯ್ತು ಸ್ವಾಮಿ ಅಂತ" ಅಂದ್ರು. ಅಮ್ಮ ಇನ್ನೊಂದು ಸೌಟು ಸಾರು ಬಡಿಸಿದರು. ಯಾರೂ ಮಾತಾಡಲಿಲ್ಲ.

ಹಿಂದೆ ಬ್ರಿಟಿಷರ ಕಾಲದಲ್ಲಿ ಕೈದಿಗಳನ್ನೇ ಕಾವಲಿಗೆ ಹಾಕ್ತಿದ್ದರಂತೆ. ನಡತೆ ಚೆನ್ನಾಗಿರೋ ಕೈದಿ ಮೊದಲು ರಾತ್ರಿ ಕಾವಲುಗಾರ, ಆಮೇಲೆ ಮೇಸ್ತ್ರಿ ಥರ, ಕೊನೆಗೆ ಕನ್ವಿಕ್ಟ್ ವಾರ್ಡರ್. ಸಂಬಳ ಉಳೀತು ಅಂತ ಸರ್ಕಾರಕ್ಕೆ ಲಾಭ. ಅಪ್ಪ ಕೆಲಸಕ್ಕೆ ಸೇರಿದಾಗ ಇದ್ದ ಹಳೇ ವಾರ್ಡರುಗಳು ಇದರ ಕತೆ ಹೇಳ್ತಿದ್ದರು. ಕೈದಿ ಕೈಗೇ ಕೋಲು ಕೊಟ್ಟರೆ ಅವನು ಸರ್ಕಾರಿ ವಾರ್ಡರಿಗಿಂತ ಜಾಸ್ತಿ ಹೊಡೀತಿದ್ದ ಅಂತ.

ನಮ್ಮನೇಲಿ ಒಂದು ಜಮಖಾನ ಇದೆ. ಕೈದಿಗಳು ನೇಯ್ದಿದ್ದು, ಜೈಲಿನ ಮಾರಾಟದಲ್ಲಿ ಅಪ್ಪ ದುಡ್ಡು ಕೊಟ್ಟು ತಂದಿದ್ದು. ನೀಲಿ ಮತ್ತು ಕೆಂಪು ಪಟ್ಟೆ. ಒಂದು ಮೂಲೆಯಲ್ಲಿ ಪಟ್ಟೆ ಒಂದೆಳೆ ತಪ್ಪಿದೆ. ಚಿಕ್ಕವಳಿದ್ದಾಗ ಅದನ್ನು ನೇಯ್ದವನು ಯಾರು, ಆ ಎಳೆ ತಪ್ಪಿದಾಗ ಏನು ಯೋಚನೆ ಮಾಡ್ತಿದ್ದ ಅಂತ ಬೆರಳಿಟ್ಟು ನೋಡ್ತಿದ್ದೆ. ಇವತ್ತಿಗೂ ಆ ಮೂಲೆಯನ್ನೇ ಹೊರಗೆ ಕಾಣೋ ಹಾಗೆ ಹಾಸ್ತೀನಿ.

ಮಲ್ಲೇಶ್ವರದ ಅಣ್ಣ, ನಿಮ್ಮ ಮಗಳ ಪ್ರಶ್ನೆಗೆ ಉತ್ತರ ರಿಜಿಸ್ಟರುಗಳಲ್ಲಿದೆ. ಒಳಗೆ ಬಂದ ಪ್ರತಿಯೊಬ್ಬನನ್ನೂ ಬರೆದುಕೊಳ್ತಾರೆ. ನಂಬರು, ಹೆಸರು, ತಂದೆ ಹೆಸರು, ಊರು, ಎತ್ತರ, ಮೈಮೇಲಿನ ಮಚ್ಚೆ, ಅಪರಾಧ, ಎಷ್ಟು ವರ್ಷ, ಬಿಡುಗಡೆ ಯಾವಾಗ. ಚರಿತ್ರೆ ಪುಸ್ತಕದಲ್ಲಿ ಹೆಸರಿಲ್ಲದ ಬಡವನಿಗೂ ಅಲ್ಲಿ ಒಂದು ಸಾಲಿದೆ. ಎಡ ಹುಬ್ಬಿನ ಮೇಲೆ ಗಾಯದ ಗುರುತು ಅಂತ ಬರೆದಿರ್ತಾರೆ. ಬೇರೆ ಯಾವ ಸರ್ಕಾರಿ ಪುಸ್ತಕ ಒಬ್ಬ ಕೂಲಿಯವನ ಹುಬ್ಬು ನೋಡಿದೆ ಹೇಳಿ.

ಅದೇ ರಿಜಿಸ್ಟರಿನಲ್ಲಿ ಜಾತಿ ಕಾಲಮ್ಮೂ ಇರ್ತಿತ್ತು. ಯಾರು ಅಡುಗೆ ಮಾಡಬೇಕು, ಯಾರು ಕಕ್ಕಸು ತೊಳೀಬೇಕು ಅಂತ ಎಷ್ಟೋ ರಾಜ್ಯಗಳ ಜೈಲು ಕೈಪಿಡಿಗಳು ಜಾತಿ ನೋಡಿ ಹೇಳ್ತಿದ್ದವು. ಅದು ಸಂವಿಧಾನಕ್ಕೆ ವಿರುದ್ಧ, ಆ ಕಾಲಮ್ ತೆಗೀರಿ ಅಂತ ಸುಪ್ರೀಂ ಕೋರ್ಟ್ ಹೇಳಿದ್ದು 2024ರ ಅಕ್ಟೋಬರ್ 3ಕ್ಕೆ. ಅಪ್ಪ ಬದುಕಿದ್ದಿದ್ದರೆ ಆ ಪೇಪರ್ ಕಟ್ ಮಾಡಿ ಇಟ್ಕೋತಿದ್ದರು.

ಹೊರಗಿನವನು:

ನನಗೆ ಈ ಚರ್ಚೆ ಓದ್ತಾ ಓದ್ತಾ ಹೊಟ್ಟೆ ಉರೀತಿದೆ, ಮುಚ್ಚುಮರೆ ಇಲ್ಲದೆ ಹೇಳ್ತೀನಿ. ಈಸೂರಿನವರು, ಸ್ವಾತಂತ್ರ್ಯಕ್ಕೆ ಹೋದವರು, ಎಮರ್ಜೆನ್ಸಿಯವರು, ಅವರನ್ನೆಲ್ಲ ನೆನೆಸ್ಕೊಳ್ಳೋಣ. ಆದರೆ ಕೊಲೆ ಮಾಡಿ ಒಳಗೆ ಹೋದವನ ಹುಬ್ಬು, ಅವನು ನೇಯ್ದ ಜಮಖಾನ, ಅದು ನಮಗ್ಯಾಕೆ? ನನ್ನ ಸ್ವಂತ ಅಣ್ಣನನ್ನು ಜಮೀನಿನ ಬದುವಿನ ಜಗಳದಲ್ಲಿ ಕೊಚ್ಚಿ ಹಾಕಿದರು. ಅತ್ತಿಗೆಗೆ ಆಗ ಇಪ್ಪತ್ತಾರು. ಕೊಂದವನು ಸನ್ನಡತೆ ಅಂತ ಬಿಡುಗಡೆಯಾಗಿ ಬಂದು ಈಗ ಅದೇ ಊರಲ್ಲಿ ಟೀ ಅಂಗಡಿ ಹಾಕ್ಕೊಂಡಿದ್ದಾನೆ. ಅತ್ತಿಗೆ ಬಸ್ಸಿಗೆ ಹೋಗಬೇಕಾದರೆ ಆ ಅಂಗಡಿ ಮುಂದೇನೇ ಹೋಗಬೇಕು. ನನ್ನ ಅಣ್ಣನ ಹೆಸರು ಯಾವ ರಿಜಿಸ್ಟರಲ್ಲಿದೆ?

ಕ್ವಾರ್ಟರ್ಸ್ ಹುಡುಗಿ:

ಅಣ್ಣ, ನಿಮ್ಮ ಮಾತು ಓದಿ ಬಹಳ ಹೊತ್ತು ಏನೂ ಬರೆಯೋಕಾಗಲಿಲ್ಲ. ನಿಮ್ಮ ಅತ್ತಿಗೆ ಆ ಅಂಗಡಿ ಮುಂದೆ ನಡೆಯೋದನ್ನು ನಾನು ಕಲ್ಪಿಸಿಕೊಳ್ಳಬಲ್ಲೆ ಅಂತ ಹೇಳಿದರೆ ಸುಳ್ಳಾಗುತ್ತೆ. ಕ್ಷಮಿಸಿ.

ಜಿಲ್ಲಾ ಕೋರ್ಟ್ ವಕೀಲೆ:

ನಾನು ಕಾನೂನು ಸೇವೆಗಳ ಕೆಲಸಕ್ಕೆ ಅಂತ ಜೈಲಿಗೆ ಹೋಗುವವಳು. ಹೊರಗಿನವರೇ, ನಿಮ್ಮ ಪ್ರಶ್ನೆಯನ್ನು ತಳ್ಳಿಹಾಕಲ್ಲ. ನಮ್ಮ ವ್ಯವಸ್ಥೆಯಲ್ಲಿ ಸತ್ತವರ ಮನೆಯವರಿಗೆ ಸಾಕ್ಷಿ ಕಟಕಟೆ ಬಿಟ್ಟರೆ ನಿಲ್ಲೋಕೆ ಜಾಗವೇ ಇಲ್ಲ. ಬಿಡುಗಡೆ ಪಟ್ಟಿ ತಯಾರಾಗುವಾಗ ನಿಮ್ಮ ಅತ್ತಿಗೆಯನ್ನು ಯಾರಾದರೂ ಕೂರಿಸಿ ಕೇಳಿದ್ದಾರಾ? ಕೇಳಬೇಕಿತ್ತು. ಇದು ದೊಡ್ಡ ತಪ್ಪು.

ಆದರೆ ಒಂದು ಮಾತು. ಜೈಲಿನಲ್ಲಿರೋರು ಅಂದ ತಕ್ಷಣ ನಿಮ್ಮ ಕಣ್ಣ ಮುಂದೆ ಬರೋದು ಅಣ್ಣನನ್ನು ಕೊಂದವನ ಮುಖ. ಸಹಜ. ಅಲ್ಲಿ ತುಂಬಿರೋರು ಹೆಚ್ಚಿನವರು ಅವನಂಥವರಲ್ಲ. 2022ರ ಕೊನೆಗೆ ದೇಶದ ಜೈಲುಗಳಲ್ಲಿ ಇದ್ದವರು 5,73,220 ಜನ. ಅದರಲ್ಲಿ 4,34,302 ಜನ ವಿಚಾರಣಾಧೀನರು. ನಾಲ್ವರಲ್ಲಿ ಮೂವರು. ಅಪರಾಧ ಮಾಡಿದ್ದಾರೆ ಅಂತ ಯಾವ ಕೋರ್ಟೂ ಇನ್ನೂ ಹೇಳಿಲ್ಲ. ನೂರು ಜನ ಇರಬೇಕಾದ ಜಾಗದಲ್ಲಿ ಸರಾಸರಿ 131 ಜನ.

ಕೆಲವು ವರ್ಷದ ಹಿಂದೆ ಒಬ್ಬ ಹುಡುಗ ಸಿಕ್ಕಿದ. ಬೈಕ್ ಕಳ್ಳತನದ ಆರೋಪ. ಬೇಲ್ ಆಗಿ ಏಳು ತಿಂಗಳಾಗಿತ್ತು, ಆದರೂ ಒಳಗೇ ಇದ್ದ. ಜಾಮೀನುದಾರನ ಪಹಣಿ ಬೇಕಿತ್ತು. ಅವನ ಅಮ್ಮ ಊರೂರು ಅಲೆಯೋ ಗಾರೆ ಕೆಲಸದವರು. ಪಹಣಿ ಇರೋ ಸಂಬಂಧಿಕರು ಎಲ್ಲಿಂದ ಬರಬೇಕು? ಮುಲಾಖಾತಿಗೆ ಬಂದಾಗ ಆ ತಾಯಿ ಸೆರಗಿನ ಗಂಟು ಬಿಚ್ಚಿ ನನಗೆ ಇನ್ನೂರು ರೂಪಾಯಿ ಕೊಡೋಕೆ ಬಂದರು. ನೋಟು ಸಿಮೆಂಟಿನ ಪುಡಿ ಹತ್ತಿ ಗರಗರ ಅಂತಿತ್ತು.

1978ರಲ್ಲೇ ಇದೇ ಥರದ ಕೇಸು ಸುಪ್ರೀಂ ಕೋರ್ಟಿಗೆ ಹೋಗಿತ್ತು. ಮಧ್ಯಪ್ರದೇಶದ ಮೋತಿರಾಮ್, ಅವನೂ ಗಾರೆ ಕೆಲಸದವನೇ. ಹತ್ತು ಸಾವಿರದ ಶ್ಯೂರಿಟಿ ಕೇಳಿದ್ದರು, ಅಣ್ಣ ಬೇರೆ ಜಿಲ್ಲೆಯವನು ಅಂತ ಅವನ ಜಾಮೀನನ್ನೂ ಒಪ್ಪಿರಲಿಲ್ಲ. ಬಡವನಿಗೆ ಹೀಗೆ ಕೇಳಬಾರದು ಅಂತ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಬರೆದರು. ಮಾರನೇ ವರ್ಷ ಬಿಹಾರದ ಹುಸೈನಾರಾ ಖಾತೂನ್ ಕೇಸು. ಅಪರಾಧ ಸಾಬೀತಾಗಿದ್ದರೂ ಎಷ್ಟು ವರ್ಷ ಶಿಕ್ಷೆ ಆಗ್ತಿತ್ತೋ ಅದಕ್ಕಿಂತ ಜಾಸ್ತಿ ವರ್ಷ ವಿಚಾರಣೆಗೆ ಕಾಯ್ತಾ ಕೂತವರು ಅಲ್ಲಿದ್ದರು. ಈಗಿನ ಹೊಸ ಕಾನೂನಿನಲ್ಲಿ ಮೊದಲ ಸಲ ಸಿಕ್ಕಿಬಿದ್ದವರು ಗರಿಷ್ಠ ಶಿಕ್ಷೆಯ ಮೂರನೇ ಒಂದು ಭಾಗ ಒಳಗೆ ಕಳೆದಿದ್ದರೆ ಬಿಡಬೇಕು ಅಂತಿದೆ. ಗಲ್ಲು, ಜೀವಾವಧಿ ಆಗಬಹುದಾದ ಕೇಸುಗಳಿಗೆ ಅದಿಲ್ಲ. ಕಾನೂನು ಇದೆ. ಆ ಹುಡುಗನಿಗೆ ಅದನ್ನು ಓದಿ ಹೇಳೋರು ಬೇಕು.

ಮೇಲೆ ಯಾರೋ ಕೈದಿಗಳ ಕೂಲಿ ವಿಷಯ ಎತ್ತಬಹುದು ಅಂದುಕೊಂಡಿದ್ದೆ. ಅದನ್ನೂ ಹೇಳಿಬಿಡ್ತೀನಿ. ಕೈದಿಗಳಿಗೆ ನ್ಯಾಯವಾದ ಕೂಲಿ ಕೊಡಬೇಕು, ಅದರಲ್ಲಿ ಒಂದು ಪಾಲು ತೊಂದರೆಗೊಳಗಾದವರ ಕುಟುಂಬಕ್ಕೆ ಹೋಗೋ ವ್ಯವಸ್ಥೆಯಾಗಬೇಕು ಅಂತ 1998ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ನಮ್ಮ ರಾಜ್ಯದಲ್ಲಿ ಈಗ ದಿನಗೂಲಿ 500 ರೂಪಾಯಿ ದಾಟಿದೆ. ಹೊರಗಿನವರೇ, ನಿಮ್ಮ ಅತ್ತಿಗೆಗೆ ಪರಿಹಾರ ಯೋಜನೆಯಲ್ಲಿ ಅರ್ಜಿ ಹಾಕಿದ್ದೀರಾ? ಹಾಕಿಲ್ಲದಿದ್ದರೆ ನಿಮ್ಮ ಜಿಲ್ಲೆಯ ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಹೋಗಿ, ಇನ್ನೂ ಅವಕಾಶ ಇದೆಯಾ ಅಂತ ಕೇಳಿ. ವಕೀಲರ ಫೀಸ್ ಇಲ್ಲ.

ಹೊರಗಿನವನು:

ಮೇಡಂ, ಪರಿಹಾರಕ್ಕೆ ಅರ್ಜಿ ಅಂತ ಒಂದಿದೆ ಅನ್ನೋದೇ ಇಷ್ಟು ವರ್ಷದಲ್ಲಿ ನಮಗೆ ಯಾರೂ ಹೇಳಿರಲಿಲ್ಲ. ಕೇಳ್ತೀನಿ.

ಆ ಬೈಕಿನ ಹುಡುಗನ ವಿಷಯ ಬೇರೆ, ಒಪ್ಪಿದೆ. ಆದರೂ ಕೊಲೆ ಮಾಡಿದವನ ಬಗ್ಗೆ ನನ್ನ ಮನಸ್ಸು ಬದಲಾಗಲ್ಲ, ಬದಲಾಗಬೇಕು ಅಂತ ಯಾರೂ ಒತ್ತಾಯ ಮಾಡಬೇಡಿ. ಒಂದು ಮಾತ್ರ ಕೇಳ್ತೀನಿ. ಆ ಹುಡುಗ ಆಚೆ ಬಂದ್ನಾ?

ಜಿಲ್ಲಾ ಕೋರ್ಟ್ ವಕೀಲೆ:

ಬಂದ. ಜಾಮೀನುದಾರ ಇಲ್ಲದೆ, ಸ್ವಂತ ಮುಚ್ಚಳಿಕೆ ಮೇಲೆ. ಹನ್ನೊಂದು ದಿನ ಓಡಾಡಬೇಕಾಯ್ತು. ಅಮ್ಮನ ಜೊತೆ ಗಾರೆ ಕೆಲಸಕ್ಕೇ ಹೋಗ್ತಿದ್ದಾನೆ. ಕೇಸು ಇನ್ನೂ ನಡೀತಿದೆ.

ಶರಾವತಿ ಹಿನ್ನೀರು:

ಒಂದು ಸೇರಿಸ್ಲಾ? ಪುಸ್ತಕದಲ್ಲಿ ಕೈದಿಗಳು ಎರಡೇ ಥರ, ಒಂದು ದೇಶಭಕ್ತರು, ಇನ್ನೊಂದು ಕಳ್ಳಕಾಕರು. ನಮ್ಮ ಸಾಗರದ ಕಡೆ ಮೂರನೇ ಥರದವರಿದ್ದರು. 1951ರ ಕಾಗೋಡು ಸತ್ಯಾಗ್ರಹ. ಗಣಪತಿಯಪ್ಪನವರು ಕಟ್ಟಿದ್ದು. ಒಡೆಯರಿಗೆ ಕೊಡೋ ಗೇಣಿ ಭತ್ತ ಅಳೆಯೋ ಕೊಳಗ ಸರಿಯಾಗಿರಲಿ ಅಂತ ಕೇಳಿದ ದೀವರ ಗೇಣಿದಾರ ಮಂದಿ, ಗದ್ದೆಗೆ ಇಳಿದು ಉತ್ತರು ಅನ್ನೋ ತಪ್ಪಿಗೆ ಗುಂಪುಗುಂಪಾಗಿ ಜೈಲಿಗೆ ಹೋದರು. ಸ್ವತಂತ್ರ ಭಾರತ ಬಂದು ನಾಲ್ಕು ವರ್ಷ ಆಗಿತ್ತು. ಸಮಾಜವಾದಿ ನಾಯಕ ಲೋಹಿಯಾ ಬಂದರು, ಅವರನ್ನೂ ಹಿಡಿದರು. ಲೋಹಿಯಾ ಹೆಸರು ಎಲ್ಲರಿಗೂ ಗೊತ್ತು. ನಮ್ಮ ಅಜ್ಜನ ಭಾವ ಹೋಗಿದ್ರು, ಅವರು ವಾಪಸ್ ಬಂದ ಮೇಲೆ ಹೇಳ್ತಿದ್ದಿದ್ದು ಒಂದೇ ಮಾತಂತೆ. ಒಡೆಯರ ಮನೆ ಅಂಗಳದಲ್ಲಿ ನಿಂತು ತಿಂದಿದ್ದಕ್ಕಿಂತ ಜೈಲಲ್ಲಿ ಕೂತು ತಿಂದ ಊಟ ಮರ್ಯಾದೆಯದು ಅಂತ.

ಮಲ್ಲೇಶ್ವರದವ:

ಎಲ್ಲಾ ಓದಿ ಹೇಳಿದ್ದೀನಿ. ಹೊರಗಿನವರ ಮಾತನ್ನೂ ಬಿಡಲಿಲ್ಲ, ಅವಳು ಅದನ್ನು ಎರಡು ಸಲ ಓದಿಸಿಕೊಂಡಳು.

ಫ್ರೀಡಂ ಪಾರ್ಕಿನ ಒಂದು ಪಕ್ಕ ಧರಣಿ, ಪ್ರತಿಭಟನೆಗೆ ಅಂತ ಬಿಟ್ಟಿದ್ದಾರೆ. ಊರಲ್ಲಿ ಬೇರೆಲ್ಲೂ ಧರಣಿ ಮಾಡೋ ಹಾಗಿಲ್ಲ ಈಗ. ನಾವು ಹೋದ ದಿನ ಅಂಗನವಾಡಿ ಹೆಂಗಸರು ಬಿಸಿಲಲ್ಲಿ ಕೂತಿದ್ದರು. ಜೈಲಿನ ಗೋಡೆಗೇ ಬೆನ್ನು ಕೊಟ್ಟು ಬುತ್ತಿ ಬಿಚ್ಚಿ ಚಿತ್ರಾನ್ನ ತಿಂತಿದ್ದರು.

ಕುಮದ್ವತಿ ಅಕ್ಕಾ, ಮಾರ್ಚ್ 8ಕ್ಕೆ ನಾನೂ ಮಗಳೂ ಅಲ್ಲಿಗೆ ಬರ್ತೀವಿ. ನೀವು ಬರೋಕಾಗುತ್ತಾ?

ಕುಮದ್ವತಿ:

ಬರ್ತೀನಿ ಅಣ್ಣ. ಊರಿಂದ ಒಂದು ಹಿಡಿ ಮಣ್ಣು ತರ್ತೀನಿ, ಅಲ್ಲಿ ಗಿಡದ ಬುಡಕ್ಕೆ ಹಾಕೋಣ. 9, 10ಕ್ಕೂ ರಜೆ ಕೇಳಿದ್ದೀನಿ.

ಕ್ವಾರ್ಟರ್ಸ್ ಹುಡುಗಿ:

ನಾನೂ ಬರ್ತೀನಿ. ಕೂರೋಕೆ ಜಮಖಾನ ತರ್ತೀನಿ.